ಹುಲುಗಮ್ಮ ಮೇಡಂ ಮತ್ತು ನಾವು ತೊಳೆದ ಕಲ್ಲುಗಳು

ಹುಲುಗಮ್ಮ ಮೇಡಂ ಅವರಿಗೆ ಪಿಎಚ್.ಡಿ. ಇಲ್ಲ. ಮೂವತ್ತೈದು ವರ್ಷ ಭೂವಿಜ್ಞಾನ ಕಲಿಸಿದ ಅವರ ಹೆಸರಿನ ಹಿಂದೆ ಪದವಿಗಳ ಸಾಲಿಲ್ಲ, ಪ್ರಕಟವಾದ ಸಂಶೋಧನ ಪ್ರಬಂಧ ಒಂದೂ ಇಲ್ಲ. ಈ ಅಭಿನಂದನ ಗ್ರಂಥದ ಸಂಪಾದಕರು ನನ್ನಿಂದ ಲೇಖನ ಕೇಳಿದಾಗ ‘ಮೇಡಂ ಅವರ ಸಂಶೋಧನ ಸಾಧನೆ’ ಎಂಬ ವಿಷಯ ಕೊಟ್ಟಿದ್ದರು. ಆ ವಿಷಯದ ಕೆಳಗೆ ಬರೆಯಬಹುದಾಗಿದ್ದ ದೊಡ್ಡ ಕೆಲಸವೊಂದು ಇತ್ತು. ಅದು ಹಾಳಾಗಲು ಕಾರಣರಾದ ಒಂಬತ್ತು ಮಂದಿಯಲ್ಲಿ ನಾನು ಮೊದಲಿಗ. ಆದ್ದರಿಂದ ಸಂಪಾದಕರ ಅನುಮತಿ ಪಡೆದು ವಿಷಯ ಬದಲಿಸಿದ್ದೇನೆ.

ಆಂಧ್ರದ ಆದೋನಿಯಲ್ಲಿ ಕುಳಿತು ಪಳೆಯುಳಿಕೆಗಳ ಪಾಠ ಮಾಡುವುದು ಕಷ್ಟದ ಕೆಲಸ. ಊರನ್ನು ಸುತ್ತುವರಿದ ಗುಡ್ಡಗಳೆಲ್ಲ ಗ್ರಾನೈಟ್. ಇನ್ನೂರೈವತ್ತು ಕೋಟಿ ವರ್ಷ ಹಳೆಯ, ನೆಲದೊಳಗೆ ಕರಗಿ ಆರಿ ಗಟ್ಟಿಯಾದ ಕಲ್ಲು. ಅದರೊಳಗೆ ಎಲೆ ಇಲ್ಲ, ಮೂಳೆ ಇಲ್ಲ, ಚಿಪ್ಪೂ ಇಲ್ಲ. ಬೇರೆ ಕಾಲೇಜುಗಳ ಅಧ್ಯಾಪಕರು ಇಂಥ ಕಡೆ ಪುಸ್ತಕದ ಚಿತ್ರ ತೋರಿಸಿ ಅಧ್ಯಾಯ ಮುಗಿಸುತ್ತಾರೆ. ಪೆದ್ದಕಡುಬೂರಿನ ಕೂಲಿಕಾರರ ಮನೆಯಿಂದ ಬಂದು, 1990ರಲ್ಲಿ ನಮ್ಮ ಕಾಲೇಜಿಗೆ ಸೇರಿದ ಮೇಡಂ ಅವರಿಗೆ ಅದು ಒಗ್ಗಲಿಲ್ಲ. ಕಣ್ಣಿಗೆ ಕಾಣದ್ದನ್ನು ಹುಡುಗರು ಯಾಕೆ ನಂಬಬೇಕು ಎಂಬುದು ಅವರ ಪ್ರಶ್ನೆಯಾಗಿತ್ತು. ನಾಲ್ಕು ವರ್ಷ ಬಿಟ್ಟು, 1994ರಲ್ಲಿ, ಅವರು ಹನ್ನೊಂದು ವಿದ್ಯಾರ್ಥಿಗಳನ್ನು ರೈಲು ಹತ್ತಿಸಿಕೊಂಡು ಸಿಕಂದರಾಬಾದಿನ ಮೇಲೆ ಮಂಚಿರ್ಯಾಲಕ್ಕೆ, ಅಲ್ಲಿಂದ ಬಸ್ಸಿನಲ್ಲಿ ಪ್ರಾಣಹಿತಾ ನದಿಯ ಕಡೆಗೆ ಹೋದರು. ಆರುನೂರು ಕಿಲೋಮೀಟರಿನ ದಾರಿ. ಅಲ್ಲಿ ಇರುವುದು ಕೋಟಾ ಶಿಲಾಸ್ತರ.

ಓದುಗರಿಗೆ ಎರಡು ಮಾತು. ಡೈನೋಸಾರ್‌ಗಳು ಓಡಾಡುತ್ತಿದ್ದ ಜುರಾಸಿಕ್ ಕಾಲದಲ್ಲಿ, ಹದಿನೇಳೋ ಹದಿನೆಂಟೋ ಕೋಟಿ ವರ್ಷಗಳ ಹಿಂದೆ, ಆ ಕಣಿವೆಯಲ್ಲಿ ಹೊಳೆಗಳೂ ಕೆರೆಗಳೂ ಇದ್ದವು. ಅವುಗಳ ತಳದಲ್ಲಿ ಕೂತ ಮರಳು, ಜೇಡಿ, ಸುಣ್ಣ ಒಂದರ ಮೇಲೊಂದು ಪದರವಾಗಿ ಕಲ್ಲಾದವು. ಮಣ್ಣಿನ ಪದರಗಳಲ್ಲಿ ಡೈನೋಸಾರ್ ಮೂಳೆ, ಸುಣ್ಣಕಲ್ಲಿನ ತೆಳು ಪದರಗಳಲ್ಲಿ ಮೀನು. ಆ ಮೀನುಗಳ ಮೈಮೇಲಿನ ಹುರುಪೆಗಳು ಇವತ್ತಿಗೂ ಕನ್ನಡಿ ಚೂರಿನಂತೆ ಹೊಳೆಯುತ್ತವೆ. ಅಧ್ಯಾಪಕರು ಇಂಥ ಜಾಗಕ್ಕೆ ಒಮ್ಮೆ ಹೋಗಿ, ಚೆನ್ನಾಗಿ ಕಂಡ ನಾಲ್ಕು ಕಲ್ಲು ತಂದು ಗಾಜಿನ ಕಪಾಟಿನಲ್ಲಿಡುತ್ತಾರೆ. ಮೇಡಂ 1994ರಿಂದ 2017ರವರೆಗೆ ಹದಿನೆಂಟು ಸಲ ಹೋದರು, ಅದೇ ಮೂರು ಹಳ್ಳಗಳಿಗೆ ಹೋದರು, ಹೋದಾಗಲೆಲ್ಲ ದಂಡೆಯನ್ನು ತಳದಿಂದ ಮೇಲಕ್ಕೆ ಟೇಪು ಹಿಡಿದು ಅಳೆದು, ಯಾವ ಪದರದಿಂದ ಯಾವ ಕಲ್ಲು ಬಂತು ಎಂದು ಅಲ್ಲೇ ಕೂತು ಬರೆದುಕೊಂಡರು.

ಪ್ರತಿ ಕಲ್ಲಿನ ಒಂದು ಮೂಲೆಗೆ ಬಿಳಿ ಬಣ್ಣದ ಚುಕ್ಕೆ, ಅದರ ಮೇಲೆ ಕಪ್ಪು ಶಾಯಿಯಲ್ಲಿ ಸಂಖ್ಯೆ: ಹಳ್ಳ ಯಾವುದು, ಪದರ ಎಷ್ಟನೆಯದು, ಕಲ್ಲು ಎಷ್ಟನೆಯದು. ಅದೇ ಸಂಖ್ಯೆ ಒಂದು ರಿಜಿಸ್ಟರಿನಲ್ಲಿ, ಮತ್ತೆ ಕಲ್ಲಿನ ಕೆಳಗಿಡುವ ಒಂದು ಚೀಟಿಯಲ್ಲಿ. ಕಲ್ಲುಗಳನ್ನು ಸುತ್ತಿ ತರಲಿಕ್ಕೆ, ತಂದ ಮೇಲೆ ಮರದ ಟ್ರೇಗಳಲ್ಲಿ ಹಾಸಿಡಲಿಕ್ಕೆ ಅವರು ಬಳಸುತ್ತಿದ್ದದ್ದು ಹತ್ತಿ. ಆದೋನಿಯಲ್ಲಿ ಅದಕ್ಕೇನು ಬರ? ಮಾರ್ಕೆಟ್ ಯಾರ್ಡಿನ ವ್ಯಾಪಾರಿ ಏಕಾಂತಪ್ಪನವರು ಬೀಜ ಬಿಡಿಸುವ ಜಿನ್ನಿಂಗ್ ಮಿಲ್ಲಿನಲ್ಲಿ ಉಳಿದ ಹತ್ತಿಯನ್ನು ಪ್ರತಿ ವರ್ಷ ಎರಡು ಚೀಲ ಕಳಿಸುತ್ತಿದ್ದರು. ‘ಮೇಡಂ, ನಮ್ ಹತ್ತಿ ಮ್ಯಾಲ ಮನಷ್ಯಾರು ಮಲಗ್ತಾರ. ನೀವು ಕಲ್ಲು ಮಲಗಿಸ್ತೀರಿ. ಯಾರಿಗೆ ನಿದ್ದಿ ಚಲೋ ಬರ್ತೈತೋ?’ ಎಂದು ನಗುತ್ತಿದ್ದರಂತೆ.

ಮೇಡಂ ಪಾಠ ಮಾಡುತ್ತಿದ್ದದ್ದು ತೆಲುಗಿನಲ್ಲಿ, ಪುಸ್ತಕ ಇಂಗ್ಲಿಷಿನಲ್ಲಿ. ಕನ್ನಡ ಮಾಧ್ಯಮದಿಂದ ಬಂದ ನಮ್ಮಂಥವರಿಗಾಗಿ ಅವರು ಕೈಯಲ್ಲಿ ಬರೆದ ಕನ್ನಡ ಟಿಪ್ಪಣಿಗಳು ಹಾಸ್ಟೆಲ್ ಲೈಬ್ರರಿಯ ಕೊನೆಯ ಕಪಾಟಿನಲ್ಲಿದ್ದವು. ದೇವನಕೊಂಡದಿಂದ ಬಂದ ನಾನು ಮೊದಲ ವರ್ಷ ಅವನ್ನು ಅಕ್ಷರ ಅಕ್ಷರ ನಕಲು ಮಾಡಿಕೊಂಡೆ. ಎರಡು ವರ್ಷ ನಕಲು ಮಾಡಿ ಮಾಡಿ ನನ್ನ ಕೈಬರಹ ಅವರ ಕೈಬರಹದಂತೆಯೇ ಆಯಿತು. ಆಗ ಅದು ನನಗೆ ಹೆಮ್ಮೆಯ ಸಂಗತಿಯಾಗಿತ್ತು.

ಅವರು ನನಗೆ ಮಾಡಿದ ಉಪಕಾರಗಳನ್ನು ಇಲ್ಲಿ ಹೇಳದೆ ಹೋದರೆ ಮುಂದೆ ಹೇಳುವ ಮಾತಿನ ತೂಕ ಗೊತ್ತಾಗುವುದಿಲ್ಲ. ಮೊದಲ ವರ್ಷ ಹತ್ತಿ ಬಿಡಿಸುವ ಕಾಲದಲ್ಲಿ ನಾನು ಮನೆಯವರ ಜೊತೆ ಕೂಲಿಗೆ ಹೋಗಿ ಐದು ವಾರ ಕಾಲೇಜು ತಪ್ಪಿಸಿದೆ. ಹಿಂದಿರುಗಿದಾಗ ಹಾಸ್ಟೆಲಿನ ಪಟ್ಟಿಯಲ್ಲಿ ನನ್ನ ಹೆಸರಿಗೆ ಕೆಂಪು ಗೆರೆ ಬಿದ್ದಿತ್ತು. ಮೇಡಂ ವಾರ್ಡನ್ ಕೋಣೆಯ ಹೊರಗಿನ ಬೆಂಚಿನ ಮೇಲೆ ಹೋಗಿ ಕೂತರು. ಬೆಳಿಗ್ಗೆ ಹತ್ತರಿಂದ ಮಧ್ಯಾಹ್ನ ಎರಡರವರೆಗೆ ಕೂತರು. ವಾರ್ಡನ್ ಎರಡು ಸಲ ‘ನೀವು ಹೋಗ್ರಿ ಮೇಡಂ, ನಾ ನೋಡ್ತೀನಿ’ ಎಂದರೆ, ‘ನೋಡ್ರಿ, ನೋಡ್ರಿ, ನಾನೂ ನೋಡ್ಕೊಂತ ಕೂತೀನಿ’ ಎಂದರು. ಸಹಿ ಆದ ಮೇಲೇ ಎದ್ದರು. 2017ರ ಜನವರಿಯಲ್ಲಿ, ಅವರ ಕೊನೆಯ ಪ್ರವಾಸಕ್ಕೆ, ನಾನು ಹವಾಯಿ ಚಪ್ಪಲಿಯಲ್ಲಿ ಹೊರಟು ಬಂದೆ. ಅವರು ನನ್ನ ಕಾಲು ನೋಡಿದರು. ರೈಲು ಹೊರಟ ಮೇಲೆ ಚೀಲದಿಂದ ಒಂದು ಜೊತೆ ಕ್ಯಾನ್‌ವಾಸ್ ಬೂಟು ತೆಗೆದು ನನ್ನ ಕಡೆ ತಳ್ಳಿದರು.

‘ನಮ್ ಮನಿಯವರ್ದು. ನಿನಗ ಒಂದು ಬೆರಳು ದೊಡ್ಡದಾಗ್ತಾವ. ಮುಂದ ಹತ್ತಿ ತುರುಕು.’

‘ಬ್ಯಾಡ್ರಿ ಮೇಡಂ, ನನಗ ಚಪ್ಪಲಿ ರೂಢಿ ಐತಿ.’

‘ನಿನಗ ರೂಢಿ ಐತಿ, ಅಲ್ಲಿನ ಹಾವಿಗೆ ರೂಢಿ ಇಲ್ಲ. ಹಾಕ್ಕೊ.’

ಇಂಥವರ ಕೆಲಸವನ್ನು ನಾವು ಹೇಗೆ ಹಾಳು ಮಾಡಿದೆವು ಎಂಬುದು ಮುಂದಿನ ಕಥೆ.

ನಮ್ಮ ಕಾಲೇಜಿನಲ್ಲಿ ದಸರಾ ರಜೆಗೆ ಮುಂಚಿನ ದಿನ ಪ್ರತಿ ವಿಭಾಗವೂ ಆಯುಧ ಪೂಜೆ ಮಾಡುತ್ತದೆ. ಯಾವ ವಿಭಾಗದ ಪೂಜೆ ಚೆಂದ ಎಂಬುದರ ಮೇಲೆ ಹುಡುಗರೊಳಗೆ ಜಿದ್ದು. 2018ರ ಅಕ್ಟೋಬರ್‌ನಲ್ಲಿ ಮೇಡಂ ಉತ್ತರ ಪತ್ರಿಕೆ ತಿದ್ದುವ ಕೆಲಸಕ್ಕೆ ಕರ್ನೂಲಿಗೆ ಹೋಗಿದ್ದರು. ನಾವು ಕೊನೆಯ ವರ್ಷದವರು ಒಂಬತ್ತು ಮಂದಿ. ಫಿಸಿಕ್ಸ್‌ನ ಒಬ್ಬ ನಮ್ಮ ಬಾಗಿಲಿಗೆ ಬಂದು ಕೆಣಕಿದ.

‘ಏನಲೇ, ನಾವು ತಕ್ಕಡಿ, ದುರ್ಬೀನು ಎಲ್ಲಾ ಪೂಜಿ ಮಾಡ್ತೀವಿ. ನಿಮ್ಮ ಹತ್ರ ಏನೈತಿ? ಕಲ್ಲು!’

‘ನೀ ಗುಡಿಗೆ ಹೋಗಿ ಕೈ ಮುಗಿಯೋದು ಯಾವುದಕ್ಕಲೇ, ಕಬ್ಬಿಣಕ್ಕಾ?’ ಎಂದೆ ನಾನು. ಎಲ್ಲರೂ ನಕ್ಕರು. ಆ ನಗೆಯಲ್ಲೇ ನಿರ್ಧಾರವಾಗಿಹೋಯಿತು. ಈ ಸಲ ಕಲ್ಲುಗಳಿಗೇ ಪೂಜೆ.

ಪೂಜೆ ಎಂದರೆ ಮೊದಲು ತೊಳೆಯಬೇಕು. ನಮ್ಮ ಕಡೆ ಕುಂಟೆ, ಕುಡಗೋಲು, ಹೊಲಿಗೆ ಯಂತ್ರ, ಲಾರಿ ಯಾವುದಿದ್ದರೂ ಅಷ್ಟೇ. ಮಣ್ಣು ಮೆತ್ತಿದ ವಸ್ತುವಿಗೆ ಯಾರೂ ವಿಭೂತಿ ಹಚ್ಚುವುದಿಲ್ಲ. ಪ್ರಯೋಗಾಲಯದ ಅಟೆಂಡರ್ ಸುಂಕಣ್ಣ ಕೀಲಿಕೈ ಹಿಡಿದುಕೊಂಡೇ ನಿಂತ.

‘ಮೇಡಂ ಬರ್ಲಿ. ಕೇಳಿ ಮಾಡ್ರಿ.’

‘ಮೇಡಂ ಬರೋದು ಹಬ್ಬ ಆದಮ್ಯಾಲ. ನೋಡಿ ಖುಷಿ ಪಡ್ತಾರ, ತೆಗಿ ಮಾಮ,’ ಎಂದೆ.

ಸುಂಕಣ್ಣನಿಗೆ ನನ್ನ ಮೇಲೆ ನಂಬಿಕೆ, ಯಾಕೆಂದರೆ ಮೇಡಂ ಅವರಿಗೆ ನನ್ನ ಮೇಲೆ ನಂಬಿಕೆ. ಅವನು ತೆಗೆದ.

ಕೋಟಾ ಶಿಲಾಸ್ತರದ ಕಲ್ಲುಗಳು ಕೆಳಗಿನ ಕಪಾಟಿನಲ್ಲಿದ್ದವು. ನಾವು ಹದಿನಾರು ಟ್ರೇಗಳನ್ನು ಹೊರಗೆಳೆದೆವು. ಧೂಳು ಹಿಡಿದು ಹಳದಿಯಾಗಿದ್ದ ಹತ್ತಿಯನ್ನು ಕಿತ್ತು ಒಂದು ಗೋಣಿಚೀಲಕ್ಕೆ ತುಂಬಿದೆವು; ಅದರೊಳಗೆ ಚೀಟಿಗಳು ಅಂಟಿಕೊಂಡಿದ್ದವು, ಯಾರೂ ಬಿಡಿಸಿ ನೋಡಲಿಲ್ಲ. ನಮ್ಮ ತರಗತಿಯ ವಿಜಯಶ್ರೀ ಮನೆಯಿಂದ ಹುಣಸೆಹಣ್ಣು, ಇಟ್ಟಿಗೆ ಪುಡಿ ತಂದಿದ್ದಳು. ‘ನಮ್ಮವ್ವ ಹಿತ್ತಾಳಿ ದೀಪ ಇದರಾಗ ತಿಕ್ಕತಾಳ. ಬಂಗಾರ ಆಗ್ತಾವ’ ಎಂದಳು. ಅವಳನ್ನು ಅನ್ನಲಾರೆ. ಅದನ್ನು ಕಲ್ಲಿಗೆ ಹಾಕೋಣ ಎಂದವನು ನಾನು. ಸುಣ್ಣಕಲ್ಲಿಗೆ ಹುಳಿ ತಾಗಿದ ಕಡೆ ಸಣ್ಣಗೆ ನೊರೆ ಎದ್ದಿತು. ಸುಣ್ಣಕಲ್ಲಿನ ಮೇಲೆ ಆಮ್ಲ ಬಿಟ್ಟರೆ ನೊರೆ ಬರುತ್ತದೆ, ಕಲ್ಲು ಕರಗುತ್ತದೆ ಎಂದು ಪ್ರಾಕ್ಟಿಕಲ್ ರೆಕಾರ್ಡಿನಲ್ಲಿ ಚಿತ್ರ ಸಮೇತ ಬರೆದು ಸಹಿ ಹಾಕಿಸಿಕೊಂಡವರು ನಾವೇ. ನೊರೆ ನೋಡಿ ‘ಕೊಳಿ ಬಿಡ್ತಾ ಐತಿ’ ಎಂದುಕೊಂಡೆವು.

ತಿಕ್ಕಿದೆವು, ಜಾಲಿಸಿದೆವು, ವರಾಂಡದಲ್ಲಿ ಗೋಣಿ ಹಾಸಿ ಎಲ್ಲವನ್ನೂ ಒಟ್ಟಿಗೆ ಒಣಗಲು ಹರವಿದೆವು. ಹೊಳಪಿಗೆ ಹರಳೆಣ್ಣೆ ಒರೆಸಿದೆವು. ಮೂರು ಬೆರಳು ವಿಭೂತಿ, ನಡುವೆ ಕುಂಕುಮ. ಸಂಜೆ ನಾಲ್ಕಕ್ಕೆ ಪೂಜೆ ಮುಗಿದಾಗ ಫಿಸಿಕ್ಸ್‌ನವರೂ ಬಂದು ಬಾಯಿ ಬಿಟ್ಟುಕೊಂಡು ನೋಡಿದರು. ಟ್ರೇಗಳಿಗೆ ಹೊಸ ಹತ್ತಿ ಹಾಸಿ ಕಲ್ಲು ತುಂಬುವಾಗ ವಿಜಯಶ್ರೀ ಕೈ ತಡೆದಳು.

‘ಯರ್ರೆಪ್ಪ, ನಂಬರ್ ಎಲ್ಲದಾವೋ?’

‘ಯಾವ ನಂಬರ?’

‘ಕಲ್ಲಿನ ಮ್ಯಾಲಿಂದು! ಇದರಾಗ ಇಲ್ಲ. ಇದರಾಗೂ ಇಲ್ಲ.’

ಇಟ್ಟಿಗೆ ಪುಡಿ ಬಿಳಿ ಬಣ್ಣವನ್ನು ಕೆರೆದು ತೆಗೆದಿತ್ತು. ನಾವು ಒಂದೊಂದೇ ಕಲ್ಲು ತಿರುಗಿಸಿ ನೋಡಿದೆವು. ಪೂರ್ತಿ ಸಂಖ್ಯೆ ಉಳಿದದ್ದು ಒಂದೂ ಇರಲಿಲ್ಲ.

‘ಮೇಡಂಗ ಫೋನ್ ಮಾಡಿ ಹೇಳಿಬಿಡೋಣ,’ ಎಂದಳು ವಿಜಯಶ್ರೀ. ‘ಬೈತಾರ, ಬೈಲಿ.’

‘ಪ್ರಾಕ್ಟಿಕಲ್ ಮಾರ್ಕ್ಸ್ ಅವರ ಕೈಯಾಗ ಐತಿ. ನಿಂಗ ಮನಿ ಐತಿ, ಹೋಗ್ತಿ. ನನ್ನ ಹಾಸ್ಟೆಲ್ ಸೀಟು?’

‘ಆ ಸೀಟು ಕೊಡ್ಸಿದ್ದು ಯಾರು?’

ನನಗೆ ಸಿಟ್ಟು ಬಂತು. ‘ಸರ್ಲೇ, ನೀ ಸುಮ್ನಿರು. ರಿಜಿಸ್ಟರ್ ಐತಲ್ಲ, ಅದನ್ನ ನೋಡಿ ಬರೆದ್ರಾತು’ ಎಂದು ಅವಳ ಬಾಯಿ ಮುಚ್ಚಿಸಿದೆ. ರಿಜಿಸ್ಟರಿನಲ್ಲಿ ಪ್ರತಿ ಸಂಖ್ಯೆಯ ಮುಂದೆ ಒಂದು ಸಾಲು ವಿವರಣೆ ಇತ್ತು. ‘ಮೀನಿನ ಹುರುಪೆ, ಬೂದು ಸುಣ್ಣಕಲ್ಲು’ ಎಂಬ ಸಾಲು ಒಂದೇ ಪುಟದಲ್ಲಿ ಹದಿಮೂರು ಸಲ ಇತ್ತು. ಯಾವ ಹದಿಮೂರಕ್ಕೆ ಯಾವ ಸಂಖ್ಯೆ? ನನಗೆ ತೋಚಿದಂತೆ ಬರೆದೆ. ಮಾರನೆಯ ದಿನ ಮಧ್ಯಾಹ್ನದವರೆಗೆ ಕೂತು, ಬಿಳಿ ಚುಕ್ಕೆ ಇಟ್ಟು, ಕಪ್ಪು ಶಾಯಿಯಲ್ಲಿ, ಇನ್ನೂರ ಅರವತ್ತೆಂಟು ಕಲ್ಲುಗಳ ಮೇಲೂ ಬರೆದೆ. ಹೊಸ ಚೀಟಿಗಳನ್ನೂ ಬರೆದು ಕೆಳಗಿಟ್ಟೆ. ಕೈಬರಹ ಮೇಡಂ ಅವರದೇ. ಸಂಖ್ಯೆ ಇಲ್ಲದ ಕಲ್ಲಾಗಿದ್ದರೆ ಅದು ಗುರುತು ಕಳೆದುಕೊಂಡಿದೆ ಎಂದಾದರೂ ನೋಡಿದವರಿಗೆ ತಿಳಿಯುತ್ತಿತ್ತು. ನಾನು ಬರೆದ ಮೇಲೆ ಪ್ರತಿ ಕಲ್ಲೂ ಸುಳ್ಳು ಹೇಳತೊಡಗಿತು.

ರಜೆ ಮುಗಿದು ಬಂದ ಮೇಡಂ ಕಪಾಟು ತೆಗೆದು ನೋಡಿದರು. ಒಂದು ಕಲ್ಲನ್ನು ಮೂಗಿನ ಹತ್ತಿರ ಹಿಡಿದರು.

‘ಎಣ್ಣಿ ಹಚ್ಚೀರಾ? ಒಗ್ಗರಣಿ ಹಾಕೋದೊಂದು ಬಿಟ್ಟೀರಿ ನೋಡು.’

ಎಲ್ಲರೂ ನಕ್ಕೆವು. ಅವರೂ ನಕ್ಕರು. ಆಮೇಲೆ ನನ್ನ ಕಡೆ ತಿರುಗಿ ಕೇಳಿದರು.

‘ನಂಬರ್ ಮುಟ್ಟಿಲ್ಲ ಅಲ್ಲ?’

‘ಇಲ್ರಿ ಮೇಡಂ. ಇದ್ದಂಗ ಅದಾವ.’

ಅವರು ಕಪಾಟು ಮುಚ್ಚಿದರು. ಎರಡನೇ ಪ್ರಶ್ನೆ ಕೇಳಲಿಲ್ಲ. ನನ್ನ ಪ್ರಾಕ್ಟಿಕಲ್ ಅಂಕ ಐವತ್ತಕ್ಕೆ ನಲವತ್ತೇಳು ಬಂತು. ಅವರ ಶಿಫಾರಸು ಪತ್ರ ಹಿಡಿದುಕೊಂಡು ಬಿ.ಎಡ್. ಸೇರಿದೆ, ಮಾಧವರಂನ ಪ್ರೌಢಶಾಲೆಯಲ್ಲಿ ಕೆಲಸವೂ ಆಯಿತು. ನಾಲ್ಕು ದಿನಕ್ಕೊಮ್ಮೆ ನೆನಪಾಗುತ್ತಿದ್ದದ್ದು ಕ್ರಮೇಣ ನಾಲ್ಕು ತಿಂಗಳಿಗೊಮ್ಮೆ ಆಯಿತು. ಆದೋನಿಯ ಕಪಾಟಿನಲ್ಲಿರುವ ಕಲ್ಲುಗಳನ್ನು ಯಾರು ಬಂದು ನೋಡುತ್ತಾರೆ ಎಂದು ನನಗೆ ನಾನೇ ಹೇಳಿಕೊಂಡೆ.

2021ರ ಡಿಸೆಂಬರಿನಲ್ಲಿ ನೋಡುವವರು ಬಂದರು. ಹೈದರಾಬಾದಿನ ಯುವ ಸಂಶೋಧಕಿ ಮಹಾಲಕ್ಷ್ಮಿ ಅವರಿಗೆ ಬೇಕಾಗಿದ್ದದ್ದು ಕೋಟಾದ ಮೀನುಗಳು, ಅದೂ ಪದರ ಪದರವಾಗಿ. ಕೆಳಗಿನ ಪದರದಿಂದ ಮೇಲಿನ ಪದರಕ್ಕೆ ಬರುವಷ್ಟರಲ್ಲಿ ಆ ಮೀನುಗಳು ಹೇಗೆ ಬದಲಾದವು, ಯಾವುವು ಕಾಣೆಯಾದವು, ಯಾವುವು ಹೊಸದಾಗಿ ಬಂದವು ಎಂದು ತಿಳಿಯುವುದು ಅವರ ಉದ್ದೇಶ. ಅಷ್ಟು ವರ್ಷ, ಅಷ್ಟು ಅಳತೆಯೊಂದಿಗೆ, ಅದೇ ಹಳ್ಳಗಳಿಂದ ಆರಿಸಿದ ಕಲ್ಲುಗಳು ಅವರಿಗೆ ಬೇರೆಲ್ಲೂ ಸಿಕ್ಕಿರಲಿಲ್ಲ. ಮೂರನೆಯ ಹಳ್ಳದ ದಂಡೆಯನ್ನಂತೂ ಅಷ್ಟರಲ್ಲಿ ಒಡೆದು ರಸ್ತೆಗೆ ಜಲ್ಲಿ ಮಾಡಿಯಾಗಿತ್ತು. ಇನ್ನು ಬೇಕೆಂದರೂ ಅಲ್ಲಿಂದ ತರುವಂತಿರಲಿಲ್ಲ. ನಾಲ್ಕು ದಿನ ಮೇಡಂ ಅವರ ಮನೆಯಲ್ಲಿ ಜೋಳದ ರೊಟ್ಟಿ ತಿಂದುಕೊಂಡು ಮಹಾಲಕ್ಷ್ಮಿ ಟ್ರೇ ಟ್ರೇ ಪರಿಶೀಲಿಸಿದರು. ರಿಜಿಸ್ಟರ್ ಮುಚ್ಚಿ ‘ಇದಿ ಬಂಗಾರಂ ಅಮ್ಮಾ’ ಎಂದರು. ಇಬ್ಬರ ಹೆಸರಿನಲ್ಲಿ ಪ್ರಬಂಧ ಬರೆಯುವುದೆಂದಾಯಿತು. ಐವತ್ತೆಂಟನೆಯ ವಯಸ್ಸಿನಲ್ಲಿ ಮೇಡಂ ಅವರ ಮೊದಲ ಪ್ರಬಂಧ. ಪಿಎಚ್.ಡಿ. ಇರಲಿ ಇಲ್ಲದಿರಲಿ, ಆ ಶಿಲಾಸ್ತರದ ಬಗ್ಗೆ ಮುಂದೆ ಯಾರು ಬರೆದರೂ ಆದೋನಿಯ ಹುಲುಗಮ್ಮ ಎಂಬ ಹೆಸರು ಬರೆಯದೆ ಮುಂದೆ ಹೋಗುವಂತಿರಲಿಲ್ಲ.

ಪ್ರಬಂಧ ವಿಜ್ಞಾನ ಪತ್ರಿಕೆಗೆ ಹೋದ ಮೇಲೆ, ಮಹಾಲಕ್ಷ್ಮಿ ಮೂವತ್ತು ಕಲ್ಲುಗಳ ತೆಳು ಚೂರು ಕತ್ತರಿಸಿ ಸೂಕ್ಷ್ಮದರ್ಶಕದಲ್ಲಿ ನೋಡಿದರು. ಕೆಳಗಿನ ಪದರದ ಸುಣ್ಣಕಲ್ಲು ನುಣುಪು, ಮೇಲಿನದರಲ್ಲಿ ಮರಳಿನ ಕಣ. ಮೂವತ್ತರಲ್ಲಿ ಹನ್ನೊಂದು ಕಲ್ಲುಗಳು ತಮ್ಮ ಮೇಲೆ ಬರೆದ ಪದರಕ್ಕೆ ಸೇರಿದವಾಗಿರಲಿಲ್ಲ. ‘ಅಮ್ಮಾ, ಹಳ್ಳದಾಗ ಬರ್ಕೊಳ್ಳೋವಾಗ ಏನಾದ್ರೂ ಹೆಚ್ಚುಕಡಿಮಿ ಆಗಿರಬಹುದಾ?’ ಎಂದು ಅವರು ತೆಲುಗಿನಲ್ಲಿ ಮೆತ್ತಗೆ ಕೇಳಿದರಂತೆ. ಇಪ್ಪತ್ತಮೂರು ವರ್ಷ ಬಿಸಿಲಲ್ಲಿ ಟೇಪು ಹಿಡಿದವರನ್ನು ಕೇಳಬೇಕಾಗಿ ಬಂದ ಪ್ರಶ್ನೆ ಅದು. ಮೇಡಂ ಜಗಳವಾಡಲಿಲ್ಲ. ಭೂತಗನ್ನಡಿ ತೆಗೆದುಕೊಂಡು ಪ್ರಯೋಗಾಲಯಕ್ಕೆ ಹೋದರು. ಸೂಜಿಯಿಂದ ಒಂದು ಬಿಳಿ ಚುಕ್ಕೆಯನ್ನು ಎಬ್ಬಿಸಿ ನೋಡಿದರು. ಬಣ್ಣದ ಕೆಳಗೆ ಹರಳೆಣ್ಣೆಯ ಕಲೆ ಇತ್ತು. ಎಣ್ಣೆ ಹಚ್ಚಿದ್ದು 2018ರ ಹಬ್ಬಕ್ಕೆ. ಹಾಗಾದರೆ ಸಂಖ್ಯೆ ಬರೆದದ್ದು ಅದಕ್ಕಿಂತ ಆಮೇಲೆ.

ಅವರು ಪತ್ರಿಕೆಗೆ ಬರೆದ ಕಾಗದದ ಪ್ರತಿಯನ್ನು ನಾನು ನೋಡಿದ್ದೇನೆ. ನಾಲ್ಕೇ ಸಾಲು. ‘ನನ್ನ ಪ್ರಯೋಗಾಲಯದ ಕಲ್ಲುಗಳ ಸಂಖ್ಯೆಗಳು ಕೆಟ್ಟಿವೆ. ಇದಕ್ಕೆ ನಾನೇ ಹೊಣೆ. ಮಹಾಲಕ್ಷ್ಮಿ ಅವರದು ಇದರಲ್ಲಿ ತಪ್ಪಿಲ್ಲ. ಪ್ರಬಂಧವನ್ನು ದಯವಿಟ್ಟು ಹಿಂದಿರುಗಿಸಿ.’ ಸುಂಕಣ್ಣನ ಹೆಸರಾಗಲಿ, ವಿದ್ಯಾರ್ಥಿಗಳು ಎಂಬ ಶಬ್ದವಾಗಲಿ ಅದರಲ್ಲಿಲ್ಲ. ಮಹಾಲಕ್ಷ್ಮಿ ಬೇರೆ ವಿಷಯ ಹಿಡಿದು ಬೇರೆ ಕಣಿವೆಗೆ ಹೋದರು. ಆ ವಾರವೇ ಮೇಡಂ ನನಗೆ ಫೋನ್ ಮಾಡಿದರು. ಶಾಲೆ ಬಿಡುವ ಹೊತ್ತು, ಹುಡುಗರ ಗದ್ದಲ.

‘ಯರ್ರೆಪ್ಪ, ಆ ಹಬ್ಬದಾಗ ಕಲ್ಲು ತೊಳೆದ್ರಲ್ಲ. ನಂಬರ್ ಯಾರರ ತಿರುಗಿ ಬರೆದ್ರೇನು?’

ಹೌದು ಎನ್ನಲು ಒಂದು ಉಸಿರು ಸಾಕಿತ್ತು.

‘ನೆನಪಿಲ್ರಿ ಮೇಡಂ. ಬಾಳ ದಿನ ಆತು.’

‘ಸರಿ,’ ಎಂದರು. ‘ಅವ್ವನ ಮೊಣಕಾಲು ಹೆಂಗೈತಿ?’ ಎಂದು ಕೇಳಿ, ನನ್ನ ಉತ್ತರ ಪೂರ್ತಿ ಕೇಳಿಸಿಕೊಂಡು, ಫೋನ್ ಇಟ್ಟರು.

ಆಮೇಲಿನ ಮೂರು ವರ್ಷ, ನಿವೃತ್ತಿಯ ದಿನ ಹತ್ತಿರವಾಗುತ್ತಿದ್ದಂತೆ, ಅವರು ಪಾಠ ಮುಗಿಸಿ ದಿನಾ ಎರಡು ಗಂಟೆ ಕಪಾಟಿನ ಮುಂದೆ ಕೂತರು. ಕಲ್ಲಿನ ಸಣ್ಣ ತೂತುಗಳಲ್ಲಿ ಇಟ್ಟಿಗೆ ಪುಡಿಗೆ ಸಿಗದೆ ಉಳಿದ ಹಳೆಯ ಶಾಯಿಯ ಚೂರುಗಳನ್ನು ಭೂತಗನ್ನಡಿಯಲ್ಲಿ ಹುಡುಕಿ, ಅರ್ಧ ಅಂಕಿ ಸಿಕ್ಕರೆ ರಿಜಿಸ್ಟರಿನೊಂದಿಗೆ ತಾಳೆ ನೋಡಿದರು. ಕೆಲವನ್ನು ನೋಡಿದೊಡನೆ ಗುರುತು ಹಿಡಿದರು. ಇದನ್ನು ಹೆಕ್ಕುವಾಗ ಮಳೆ ಬಂದಿತ್ತು, ಇದು ನನ್ನ ಕೈಯಿಂದ ಜಾರಿ ಮೂಲೆ ಮುರಿದದ್ದು ಎಂದು. ಉಳಿದವು ಅವರಿಗೂ ಬರೀ ಕಲ್ಲಾಗಿ ಕಂಡವು.

ಸಂಪಾದಕರ ಪತ್ರ ಬಂದದ್ದು ಈ ವರ್ಷದ ಜೂನ್‌ನಲ್ಲಿ. ಹೊಗಳಿ ಹತ್ತು ಪುಟ ಬರೆಯಲು ಕೂತು, ಎರಡನೇ ಪುಟದಲ್ಲಿ ‘ಅವರ ಅಮೂಲ್ಯ ಸಂಗ್ರಹ’ ಎಂದು ಬರೆದು, ಕೈ ನಿಂತಿತು. ಮರುದಿನ ಆದೋನಿಗೆ ಹೋದೆ. ಮೇಡಂ ಪ್ರಯೋಗಾಲಯದಲ್ಲಿದ್ದರು, ಸುಂಕಣ್ಣ ಟ್ರೇ ಎತ್ತಿ ಕೊಡುತ್ತಿದ್ದ. ನಿಂತುಕೊಂಡೇ ಹೇಳಿದೆ.

‘ಮೇಡಂ, ಆ ನಂಬರೆಲ್ಲ ಬರೆದಾಂವ ನಾನು.’

‘ಗೊತ್ತೈತಿ.’

‘ಯಾವಾಗಿಂದ್ರಿ?’

‘ನಿನಗ ಫೋನ್ ಮಾಡೋದಕ್ಕ ಹತ್ತು ನಿಮಿಷ ಮುಂಚಿಂದ. ಮೊದಲು ವಿಜಯಶ್ರೀಗೆ ಮಾಡಿದ್ದೆ. ಆಕಿ ಅತ್ಕೊಂತ ಎಲ್ಲಾ ಹೇಳಿದ್ಳು.’

‘ಮತ್ತ ನನಗ ಯಾಕ ಕೇಳಿದ್ರಿ?’

‘ನೀನೂ ಹೇಳ್ತಿ ಅಂತ.’

ನಾನು ಕಾಲು ಮುಟ್ಟಲು ಬಗ್ಗಿದೆ. ಅವರು ಕುರ್ಚಿ ಹಿಂದಕ್ಕೆ ಸರಿಸಿಕೊಂಡರು.

‘ಕ್ಷಮಾ ಗಿಮಾ ಇಟ್ಕೊಂಡು ನಾ ಏನ್ ಮಾಡ್ಲಿ? ಕುಂದ್ರು. ನೆನಪಿರೋದು ಹೇಳು. ಯಾವ ಟ್ರೇ ಮೊದಲು ತೊಳೆದ್ರಿ? ಒಣಗಿಸಿದ್ದು ಎಲ್ಲಿ? ಹಳೇ ಚೀಟಿ ಏನಾದುವು?’

‘ಹತ್ತಿ ಜೊತೀಗೆ ಚೀಲಕ್ಕ ತುಂಬಿದ್ವಿ. ಟ್ರೇ ಟ್ರೇ ಹತ್ತಿ ಹಂಗ ಉಂಡಿ ಮಾಡಿ ಇಟ್ಟಿದ್ವಿ.’

ಮೇಡಂ ತಲೆ ಎತ್ತಿದರು. ಹತ್ತಿ ಎಷ್ಟೋ ವರ್ಷ ಕಲ್ಲಿನ ಕೆಳಗೆ ಒತ್ತಿ ಕೂತು ಕಲ್ಲಿನ ಆಕಾರವನ್ನೇ ಹಿಡಿದಿರುತ್ತದೆ. ಚೀಟಿ ಅದಕ್ಕೆ ಅಂಟಿರುತ್ತದೆ. ಹತ್ತಿಯ ಯಾವ ಗುಳಿಯಲ್ಲಿ ಯಾವ ಕಲ್ಲು ಕೂರುತ್ತದೆ ಎಂದು ನೋಡಿದ್ದರೆ ಸಾಕಿತ್ತು. ಇದು ನನಗೆ ಹೊಳೆದದ್ದು ಅವರ ಮುಖ ನೋಡಿದ ಮೇಲೆ.

‘ಆ ಚೀಲ ಎಲ್ಲೈತಿ?’

ಉತ್ತರ ಕೊಟ್ಟವನು ಸುಂಕಣ್ಣ. ‘ಸ್ಟೋರಿನಾಗ ಇಟ್ಟಿದ್ದೆ ಮೇಡಂ. ತಲಿದಿಂಬಿಗೆ ಬರ್ತೈತಿ ಅಂತ. ಬಾಳ ಧೂಳಿತ್ತು. ಭೋಗಿ ದಿನ ಬೆಂಕಿಗೆ ಹಾಕಿದೆ.’

ಅಕ್ಟೋಬರಿನಿಂದ ಹಳೆಯ ಸಾಮಾನು ಸುಡುವ ಭೋಗಿ ಹಬ್ಬದವರೆಗೆ, 2019ರ ಜನವರಿ ಹದಿನಾಲ್ಕರವರೆಗೆ, ಮೂರು ತಿಂಗಳು ಆ ಚೀಲ ಪ್ರಯೋಗಾಲಯದಿಂದ ಎರಡು ಬಾಗಿಲು ಆಚೆಗೆ ಇತ್ತು. ಮೂರು ತಿಂಗಳಲ್ಲಿ ಯಾವ ದಿನ ನಾನು ಬಾಯಿ ಬಿಟ್ಟಿದ್ದರೂ ಸಾಕಿತ್ತು. ಕಲ್ಲು ತೊಳೆದದ್ದು ದಡ್ಡತನ. ಅದಕ್ಕೆ ಒಂಬತ್ತು ಮಂದಿ ಪಾಲುದಾರರು. ಈ ಮೂರು ತಿಂಗಳು ನನ್ನೊಬ್ಬನವು.

ಮೇಡಂ ಕನ್ನಡಕ ತೆಗೆದು ಮೇಜಿನ ಮೇಲಿಟ್ಟರು. ನನ್ನ ಎದುರು ಅವರು ದನಿ ಏರಿಸಿದ್ದು ಅದೊಂದೇ ಸಲ, ಅದೂ ನನಗಲ್ಲ. ‘ಸುಂಕಣ್ಣ, ಕಿಟಕಿ ಹಾಕು, ಧೂಳು ಬರ್ತೈತಿ’ ಎಂದು ಕೂಗಿದರು. ಕಿಟಕಿ ಮುಚ್ಚಿಯೇ ಇತ್ತು.

ಆಮೇಲೆ ಕನ್ನಡಕ ಹಾಕಿಕೊಂಡು ಕೇಳಿದರು.

‘ಪುಸ್ತಕದಾಗ ಬರಿಯಾಕ ಹತ್ತೀಯಂತ?’

‘ಬರಿಯಲ್ರಿ ಮೇಡಂ. ಬರಿಯಾಕ ಮುಖ ಇಲ್ಲ.’

‘ಬರಿ. ನಾ ದೊಡ್ಡಾಕಿ ಅಂತ ಬ್ಯಾಡ, ಅದನ್ನ ಬರಿಯಾಕ ಇಪ್ಪತ್ತು ಮಂದಿ ಅದಾರ. ನಂಬರ್ ಸುಳ್ಳು ಅಂತ ಬರಿ. ನಾಳೆ ಯಾರರ ಈ ಕಪಾಟು ತೆಗೆದು, ನಿನ್ನ ಅಕ್ಷರ ನಂದು ಅಂತ ನಂಬಿ ಕುಂತ್ರ, ಅವರ ಕೆಲಸನೂ ಹಾಳಾಗ್ತೈತಿ. ಎಷ್ಟು ಹೋದುವು, ಎಷ್ಟು ಉಳಿದುವು, ಸರಿಯಾಗಿ ಎಣಿಸಿ ಬರಿ.’

ಆ ಮಾತಿನಂತೆ ಮೂರು ದಿನ ಅವರೊಂದಿಗೆ ಕೂತು ಎಣಿಸಿದೆ. ನಾನು ಬರೆದ ಪ್ರತಿ ಸಂಖ್ಯೆಯನ್ನೂ ನನ್ನ ಕೈಯಿಂದಲೇ ಕೆರೆದು ತೆಗೆದೆ. ನನ್ನ ನೆನಪಿನಿಂದ ಗುರುತು ಹತ್ತಿದ ಕಲ್ಲು ಒಂದೂ ಇಲ್ಲ.

ಹುಲುಗಮ್ಮ ಮೇಡಂ ಇದೇ ತಿಂಗಳು ಸೇವೆಯಿಂದ ನಿವೃತ್ತರಾಗುತ್ತಿದ್ದಾರೆ. ಕಾಲೇಜಿಗೆ ಬಿಡುವು ಕೊಟ್ಟರೂ ಕೋಟಾಕ್ಕೆ ಬಿಡುವು ಕೊಟ್ಟಿಲ್ಲ; ಡಿಸೆಂಬರಿನಲ್ಲಿ ಮೊದಲನೆಯ ಮತ್ತು ಎರಡನೆಯ ಹಳ್ಳಗಳಿಗೆ ಮತ್ತೆ ಹೊರಡುತ್ತಾರೆ, ಟೇಪು ಹಿಡಿಯಲು ವಿಜಯಶ್ರೀಯ ಜೊತೆ ನನ್ನನ್ನೂ ಕರೆದಿದ್ದಾರೆ. ಅವರ ಮೊಣಕಾಲಿಗೆ ಇನ್ನೂ ಇಪ್ಪತ್ತು ವರ್ಷ ಆ ದಂಡೆಗಳನ್ನು ಹತ್ತಿಳಿಯುವ ಶಕ್ತಿ ಇರಲಿ, ಕಣ್ಣಿಗೆ ಹುರುಪೆಯ ಹೊಳಪು ದೂರದಿಂದಲೇ ಕಾಣುತ್ತಿರಲಿ, ಮುಂದೆ ಅವರಿಗೆ ಸಿಗುವ ಶಿಷ್ಯರು ಕೇಳಿದ ಪ್ರಶ್ನೆಗೆ ಕೇಳಿದ ದಿನವೇ ಉತ್ತರ ಕೊಡುವವರಾಗಿರಲಿ ಎಂದು ಹಾರೈಸುತ್ತೇನೆ. ಅವರು ಕೇಳಿದ ಎಣಿಕೆ ಇದು.

ತೊಳೆದ ಕಲ್ಲುಗಳು ಇನ್ನೂರ ಅರವತ್ತೆಂಟು. ಉಳಿದ ಶಾಯಿಯಿಂದ ಗುರುತು ಸಿಕ್ಕಿದವು ಅರವತ್ತೊಂದು. ಮೇಡಂ ಅವರ ನೆನಪಿನಿಂದ ಸಿಕ್ಕಿದವು ಮೂವತ್ತೆಂಟು. ಹಳ್ಳವೂ ಪದರವೂ ಇಲ್ಲದೆ ಹೋದವು ನೂರ ಅರವತ್ತೊಂಬತ್ತು.